ಮಣ್ಣಿಗೆ ಹೋಗುವ ಕುರ್ಚಿ

ನಾನು ಒಂದು ಜಾಲಿ ಮರದ ಕುರ್ಚಿ. ತೇಗದ್ದಲ್ಲ, ಬೀಟೆಯದ್ದೂ ಅಲ್ಲ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಯಾಕೆಂದರೆ ನನ್ನನ್ನು ಎತ್ತಿದವರೆಲ್ಲ ಮೊದಲು ಬಯ್ಯುವುದು ನನ್ನ ತೂಕವನ್ನೇ. ಬಯ್ಯಲಿ. ಅರವತ್ತು ವರ್ಷ ಈ ಊರಿನವರ ಭಾರ ಹೊತ್ತವನು ನಾನು. ನನ್ನ ಭಾರವನ್ನು ಅವರು ಆಗಾಗ ಹತ್ತು ಹೆಜ್ಜೆ ಹೊತ್ತರೆ ತಪ್ಪೇನೂ ಇಲ್ಲ.

ನನ್ನನ್ನು ಮಾಡಿದವನು ಬೆಣ್ಣಿಹಟ್ಟಿಯ ಬಡಿಗೇರ ಕಾಳಪ್ಪ. ಚಕ್ಕಡಿ ಗಾಡಿ, ನೇಗಿಲು, ಬಿತ್ತುವ ಕೂರಿಗೆ ಇವಷ್ಟೇ ಅವನ ಕೈಗೆ ಗೊತ್ತಿದ್ದವು. ಕುರ್ಚಿಯನ್ನು ಅವನು ಮಾಡಿರಲಿಲ್ಲ, ಸರಿಯಾಗಿ ನೋಡಿಯೂ ಇರಲಿಲ್ಲ. ಊರಿನ ಪೋಸ್ಟ್ ಮಾಸ್ತರ ರಾಚಪ್ಪನವರಿಗೆ ದೊಡ್ಡ ಸಾಹೇಬರು ತಪಾಸಣೆಗೆ ಬರುತ್ತಾರೆಂಬ ಕಾಗದ ಬಂತು. ಮಾಸ್ತರರು ಅಲ್ಲಿಯವರೆಗೆ ತಮ್ಮ ಮನೆಯ ಪಡಸಾಲೆಯಲ್ಲಿ ಚಾಪೆ ಹಾಸಿಕೊಂಡು ಕಾಗದಗಳಿಗೆ ಠಸ್ಸೆ ಹೊಡೆಯುತ್ತಿದ್ದರು. ಸಾಹೇಬರ ಎದುರು ಚಾಪೆ ಚೆನ್ನಾಗಿ ಕಾಣುವುದಿಲ್ಲ ಎಂದು ಓಡಿ ಬಂದು ಕಾಳಪ್ಪನ ಕೈಹಿಡಿದರು. ಕಾಳಪ್ಪ ಚಕ್ಕಡಿ ಮಾಡುವ ರೀತಿಯಲ್ಲೇ ನನ್ನನ್ನೂ ಮಾಡಿದ. ದಪ್ಪ ಕಾಲು, ಅಂಗೈಯಗಲದ ತೋಳು, ತಲೆಯ ಮೇಲೂ ಒಂದು ಗೇಣು ಏಳುವ ಬೆನ್ನು. ಒಂದೇ ಒಂದು ಮೊಳೆ ಇಲ್ಲ, ಎಲ್ಲ ಮರದ ಬೆಣೆ.

ಎಲ್ಲ ಮುಗಿದ ಮೇಲೆ ನನ್ನ ಎಡಗಡೆಯ ಹಿಂಗಾಲು ಕಿರ್ರ್ ಎಂದಿತು. ಕಾಳಪ್ಪ ಬೆಣೆ ಬಿಗಿದ, ಎಣ್ಣೆ ಬಿಟ್ಟ, ಬಯ್ದ. ಹೋಗಲಿಲ್ಲ.

"ಇರ್ಲಿ ಬಿಡ್ರಿ ಮಾಸ್ತರ್ರ," ಎಂದ ಕೊನೆಗೆ. "ಮನಷ್ಯಾ ಮಿಸುಕಿದಾಗ ಅಷ್ಟ ಮಾತಾಡತೈತಿ. ಒಬ್ರ ಕುಂತಾಗ ನಿಮಗೂ ಜೋಡಿ ಆಗತೈತಿ."

ಸಾಹೇಬರು ಬಂದರು, ನನ್ನ ಮೇಲೆ ಕುಳಿತು ಚಹಾ ಕುಡಿದರು, ಹೋದರು. ಆಮೇಲೆ ಆರು ವರ್ಷ ನಾನು ಮಾಸ್ತರರವನು. ರಾಚಪ್ಪನವರಿಗೆ ಒಂದು ಅಭ್ಯಾಸವಿತ್ತು. ಕಾಗದ ಓದುವಾಗ ತೊಡೆ ಅಲುಗಿಸುತ್ತಿದ್ದರು. ಒಳ್ಳೆಯ ಸುದ್ದಿಯಿದ್ದರೆ ಜೋರಾಗಿ, ಕೆಟ್ಟ ಸುದ್ದಿಯಿದ್ದರೆ ನಿಧಾನಕ್ಕೆ. ನಾನು ಅದಕ್ಕೆ ತಕ್ಕಂತೆ ಕಿರ್ರ್ ಎನ್ನುತ್ತಿದ್ದೆ. ಓದು ಬಾರದ ಮುದುಕಿಯರು ಎದುರಿಗೆ ನಿಂತು, ನನ್ನ ಸಪ್ಪಳ ಕೇಳಿಯೇ ಕಾಗದದಲ್ಲಿ ಏನಿದೆ ಎಂದು ತಿಳಿದುಕೊಳ್ಳುತ್ತಿದ್ದರು. ಇಷ್ಟು ಸುಖದ ದಿನಗಳು ನನಗೆ ಮತ್ತೆ ಬೇಗ ಬರಲಿಲ್ಲ.

ನನ್ನ ಬಾಳನ್ನು ತಿರುಗಿಸಿದ್ದು ಒಂದು ಹಸಿ ಗೋಡೆ. ಈ ಕಡೆ ಯಾರಾದರೂ ತೀರಿಕೊಂಡರೆ ಮಲಗಿಸುವುದಿಲ್ಲ, ಕೂರಿಸುತ್ತಾರೆ. ಗೋಡೆಗೆ ಗೂಟ ಹೊಡೆದು, ಬೆನ್ನು ಆನಿಸಿ, ಎದೆಗೊಂದು ಬಟ್ಟೆ ಕಟ್ಟಿ, ರುಮಾಲು ಸುತ್ತಿ, ವಿಭೂತಿ ಹಚ್ಚಿ, ಬದುಕಿದ್ದಾಗ ಜಗಲಿಯಲ್ಲಿ ಹೇಗೆ ಕೂರುತ್ತಿದ್ದರೋ ಹಾಗೆಯೇ ಕೂರಿಸುತ್ತಾರೆ. ಬಂದವರು ಎದುರಿಗೆ ಕುಳಿತು ಮಾತಾಡಿಸಿ ಹೋಗುತ್ತಾರೆ. ಮಾಸ್ತರರ ಓಣಿಯ ಪೈಲ್ವಾನ ಈರಭದ್ರಪ್ಪ ತೀರಿಕೊಂಡಾಗ ಅವನ ಮನೆಯ ಗೋಡೆಗೆ ಹಿಂದಿನ ದಿನವಷ್ಟೇ ಮಣ್ಣು ಮೆತ್ತಿದ್ದರು. ಹೊಡೆದ ಗೂಟ ಪೈಲ್ವಾನನ ಭಾರಕ್ಕೆ ಮಣ್ಣಿನ ಸಮೇತ ಕಿತ್ತು ಬಂತು. ಆಗ ಯಾರಿಗೋ ನನ್ನ ನೆನಪಾಯಿತು. ಮಾಸ್ತರರು ಪಾಪದ ಮನುಷ್ಯ, ಇಲ್ಲ ಎನ್ನಲಿಲ್ಲ.

ಪೈಲ್ವಾನ ನನ್ನ ಮೇಲೆ ಸರಿಯಾಗಿ ಒಪ್ಪಿದ. ಊರೇ ಹೊಗಳಿತು. ಆದರೆ ಮರುದಿನ ನನ್ನನ್ನು ತೊಳೆದು ವಾಪಸ್ ತಂದಾಗ ಮಾಸ್ತರರ ಹೆಂಡತಿ ಗೌರವ್ವ ಬಾಗಿಲಿಗೆ ಅಡ್ಡ ನಿಂತಳು.

"ಅದ ಒಳಗ ಬಂದ್ರ ನಾ ಹೊರಗ ಹೊಕ್ಕೀನ್ ನೋಡ್ರಿ!"

ಮಾಸ್ತರರು ನನ್ನನ್ನು ನೋಡಿದರು, ಗೌರವ್ವನನ್ನು ನೋಡಿದರು, ಮತ್ತೆ ಚಾಪೆ ಹಾಸಿದರು. ನನಗೆ ಬಹಳ ಕೆಟ್ಟದೆನಿಸಿತು. ತಪ್ಪು ಯಾರದು? ಹಸಿ ಗೋಡೆಯದು. ಶಿಕ್ಷೆ ಯಾರಿಗೆ? ನನಗೆ.

ಹೀಗೆ ನಾನು ಊರ ಮಠದ ಮೂಲೆ ಸೇರಿದೆ. ಭಜನಾ ಮೇಳದ ಹಾರ್ಮೋನಿಯಂ, ತಾಳ, ದಮ್ಮಡಿಗಳ ಪಕ್ಕ. ನಮ್ಮ ಕಡೆ ಸತ್ತವರ ಮನೆಗೆ ಹೋಗುವುದಕ್ಕೆ 'ಮಣ್ಣಿಗೆ ಹೋಗುವುದು' ಎನ್ನುತ್ತಾರೆ. ನನಗೂ 'ಮಣ್ಣಿನ ಕುರ್ಚಿ' ಎಂಬ ಹೆಸರು ಬಿತ್ತು. ಕುರ್ಚಿ ಯಾವ ಓಣಿಗೆ ಹೊರಟಿತು ಎಂದು ನೋಡಿದರೆ ಸಾಕು, ಯಾರು ಹೋದರೆಂದು ಊರಿಗೆ ತಿಳಿಯುತ್ತಿತ್ತು. ಬದುಕಿದ್ದವರು ಯಾರೂ ನನ್ನ ಮೇಲೆ ಕೂರುವುದಿಲ್ಲ. ಕೂತರೆ ಮುಂದಿನ ಸರದಿ ಅವರದೇ ಎಂದು ಅದ್ಯಾರೋ ಹುಟ್ಟಿಸಿದರು. ಮಠ ಗುಡಿಸುವವರು ನನ್ನ ಮೇಲೆ ಕಸಬರಿಗೆ ಸಹ ಇಡುತ್ತಿರಲಿಲ್ಲ.

ಸತ್ತವರ ಬಗ್ಗೆ ನನಗೆ ಹೇಳಲು ದೂರೇನಿಲ್ಲ. ಒಳ್ಳೆಯ ಜನ. ಆದರೆ ಅವರು ಮಿಸುಕುವುದಿಲ್ಲ. ಬೆಳಗಿನಿಂದ ಸಂಜೆಯವರೆಗೆ ಕೂತರೂ ನನ್ನ ಹಿಂಗಾಲು ಒಂದು ಸಲ ಕಿರ್ರ್ ಎನ್ನುವುದಿಲ್ಲ.

ಆ ಮನೆಗಳಲ್ಲಿ ನಾನು ಕಂಡದ್ದು ಬರೀ ಅಳುವಲ್ಲ. ಒಳಗೆ ಹೆಂಗಸರು ಅಳುತ್ತಿದ್ದರೆ ಹೊರಗಿನ ಕಟ್ಟೆಯ ಮೇಲೆ ಗಂಡಸರು ಎಲೆ ಅಡಿಕೆಯ ಚೀಲ ಕೈಯಿಂದ ಕೈಗೆ ದಾಟಿಸುತ್ತ, ಸತ್ತವನು ಹಿಂದೆ ಯಾರದೋ ಎಮ್ಮೆಯನ್ನು ತನ್ನದೆಂದು ಹೊಡೆದುಕೊಂಡು ಬಂದದ್ದನ್ನು ನೆನೆದು ನಗುತ್ತಿದ್ದರು. ಭಜನಾ ಮೇಳದ ಸೋಮನಿಂಗಪ್ಪ ಹಾರ್ಮೋನಿಯಂ ಒತ್ತುತ್ತಲೇ ಆ ನಗುವಿಗೆ ಸೇರುತ್ತಿದ್ದ. ಸತ್ತ ಮನೆಯಲ್ಲಿ ಒಲೆ ಹಚ್ಚುವಂತಿಲ್ಲ. ಅಕ್ಕಪಕ್ಕದವರು ರೊಟ್ಟಿ, ಪಲ್ಯ, ಚಹಾ ತರಬೇಕು. ಬುಟ್ಟಿಗೆ ಬಟ್ಟೆ ಕಟ್ಟಿ ತಂದು ಗೋಡೆಗುಂಟ ಸಾಲಾಗಿ ಇಡುತ್ತಾರೆ. ಹಸಿದವರು ಗಂಟು ಬಿಚ್ಚುತ್ತಾರೆ.

ಇನ್ನು ಹಾಡ್ಯಾಡಿ ಅಳುವುದು. ಸತ್ತವರನ್ನು ಅಣ್ಣಾ, ಅತ್ತಿ, ಯವ್ವಾ ಎಂದು ಕರೆದು, ಅವರು ಬಾಳಿದ ಬಾಳನ್ನೆಲ್ಲ ರಾಗದಲ್ಲಿ ಎತ್ತಿ ಎತ್ತಿ ಹೇಳಿ ಅಳುವ ಪದ್ಧತಿ ಅದು. ಇದರಲ್ಲಿ ಬೆಣ್ಣಿಹಟ್ಟಿಯ ಫಕೀರವ್ವನನ್ನು ಮೀರಿಸುವವರು ಸುತ್ತಿನ ಹಳ್ಳಿಗಳಲ್ಲೂ ಇರಲಿಲ್ಲ. ಸಣ್ಣ ಮೈಕಟ್ಟಿನ ಹೆಂಗಸು, ಬಾಯಿ ತೆರೆದರೆ ಓಣಿ ತುಂಬುವ ಧ್ವನಿ. ಅವಳು ಸುಳ್ಳು ಹಾಡುತ್ತಿರಲಿಲ್ಲ. ಗಂಟುಮುಖದವನನ್ನು ನಗೆಮುಖದವನೆಂದು ಹೊಗಳುತ್ತಿರಲಿಲ್ಲ. "ಸಿಡಕ ಮಾರಿ ಮಾವಾ, ಸಿಡಕಿದ್ರೂ ಬಾವಿ ತೋಡ್ಸಿದ್ಯಲ್ಲೋ" ಎಂದು ಹಾಡಿ, ಅಳುವವರನ್ನು ನಗಿಸಿ ಮತ್ತೆ ಅಳಿಸುತ್ತಿದ್ದಳು. ಅದಕ್ಕೇ ಅವಳು ಹಾಡಿದ್ದನ್ನು ಊರು ನಂಬುತ್ತಿತ್ತು. ನನ್ನ ಮುಂದೆ ಹಾಡಿದ ಮಾತಿಗೆ ಯಾರೂ ಎದುರು ಮಾತಾಡುವಂತಿಲ್ಲ. ಸತ್ತವರ ಎದುರು ಆಡಿದ್ದು ಮುಗಿಯಿತು, ಅಷ್ಟೇ.

ಅದೇ ಫಕೀರವ್ವ ಒಂದು ತಪ್ಪು ಮಾಡಿದಳು. ಆ ತಪ್ಪು ಗೊತ್ತಿದ್ದದ್ದು ಇಬ್ಬರಿಗೆ. ಒಬ್ಬಳು ಬಾಯಿ ಬಿಡಲಿಲ್ಲ. ಇನ್ನೊಬ್ಬ ನಾನು, ನನಗೆ ಬಾಯಿಯೇ ಇಲ್ಲ.

ಫಕೀರವ್ವನಿಗೆ ಒಬ್ಬಳು ನೆಗೆಣ್ಣಿ ಇದ್ದಳು, ಗಂಡನ ಅಣ್ಣನ ಹೆಂಡತಿ ಕಾಶವ್ವ. ಎರಡೂ ಮನೆಗಳ ನಡುವೆ ಒಂದೇ ಗೋಡೆ. ಕಾಶವ್ವ ಮಾತು ಕಡಿಮೆಯ, ಕೈ ಚುರುಕಿನ ಹೆಂಗಸು. ಅವಳು ತಟ್ಟಿದ ಜೋಳದ ರೊಟ್ಟಿ ಹಾಳೆಯಷ್ಟು ತೆಳ್ಳಗೆ. ಅತ್ತೆ ಬಾಳವ್ವ ಇದ್ದದ್ದು ಅವಳ ಹತ್ತಿರವೇ. ಬಾಳವ್ವ ಹಾಸಿಗೆ ಹಿಡಿದಾಗ ಒಂದು ದಿನ ಫಕೀರವ್ವ ನೋಡಲು ಹೋಗಿದ್ದಳಂತೆ. ಮುದುಕಿ ಅವಳ ಕೈ ಹಿಡಿದು "ರೊಟ್ಟಿ ಕೊಡವಾ, ಒಂದ ರೊಟ್ಟಿ ಕೊಡವಾ" ಎಂದು ಬೇಡಿದಳಂತೆ. ಕಾಶವ್ವ ಅಲ್ಲೇ ಇದ್ದೂ ಕೊಡಲಿಲ್ಲವಂತೆ. ನಾಲ್ಕು ದಿನಕ್ಕೆ ಬಾಳವ್ವ ಹೋದಳು. ನನ್ನನ್ನು ಕರೆಸಿದರು.

ಮುದುಕಿಯನ್ನು ನನ್ನ ಮೇಲೆ ಕೂರಿಸಿಯೇ ಹಿತ್ತಲಲ್ಲಿ ಮೀಯಿಸಿದರು. ಹಗುರ ದೇಹ. ಕಾಶವ್ವ ತಲೆಯನ್ನು ಹಿಡಿದುಕೊಂಡಿದ್ದಳು. ತಲೆ ಎಡಕ್ಕೆ ವಾಲಿದ ಕೂಡಲೇ ಬಾಯಿಯ ಅಂಚಿನಿಂದ ತೆಳ್ಳನೆಯ ಅಂಬಲಿ ಸೋರಿ ನನ್ನ ಎಡತೋಳಿನ ಬಿರುಕಿಗೆ ಇಳಿಯಿತು. ಇನ್ನೂ ಹಳಸಿರಲಿಲ್ಲ. ಅರಿವೆಯಲ್ಲಿ ಸೋಸಿದ, ಒಂದು ಕಾಳಿನ ತುಣುಕೂ ಇಲ್ಲದ ಅಂಬಲಿ. ಹಸಿದು ಸತ್ತವರ ಬಾಯಲ್ಲಿ ಅಂಬಲಿ ಇರುವುದಿಲ್ಲ. ಕಾಶವ್ವ ಅದನ್ನು ಸೆರಗಿನಿಂದ ಒರೆಸಿದಳು. ಬೇರೆ ಯಾರೂ ನೋಡಲಿಲ್ಲ.

ಆಮೇಲೆ ಪಡಸಾಲೆಯಲ್ಲಿ ಊರೆಲ್ಲ ಕೂತಿರುವಾಗ ಫಕೀರವ್ವ ಎದುರು ಬಂದು ಕುಕ್ಕರುಗಾಲಲ್ಲಿ ಕೂತು ರಾಗ ಎತ್ತಿದಳು.

"ರೊಟ್ಟಿ ಬೇಡಿ ಬೇಡಿ ಹ್ವಾದ್ಯಲ್ಲ ನನ್ನತ್ತಿ, ತುಂಬಿದ ಮನಿಯಾಗ ಹಸದ ಹ್ವಾದ್ಯಲ್ಲ..."

ಎಲ್ಲರ ಕಣ್ಣು ಕಾಶವ್ವನ ಕಡೆ ಹೊರಳಿತು. ಅವಳು ಅಂಬಲಿ ಒರೆಸಿದ ಸೆರಗಿನ ತುದಿಯನ್ನು ಮುಷ್ಟಿಯಲ್ಲಿ ಹಿಡಿದುಕೊಂಡು ತಲೆ ತಗ್ಗಿಸಿದಳು. ತಪ್ಪು ಮಾಡಿದ್ದಕ್ಕೇ ತಲೆ ತಗ್ಗಿಸಿದಳು ಎಂದು ಊರು ಅಂದುಕೊಂಡಿತು. ಆ ದಿನ ನಾನು ಎಷ್ಟು ಒದ್ದಾಡಿದೆ ಎಂದರೆ, ಒಂದು ಕಾಲಾದರೂ ಮುರಿದು ಬಿದ್ದು ಗದ್ದಲ ಮಾಡಿಬಿಡೋಣ ಎನ್ನಿಸಿತು. ಆದರೆ ಕಾಳಪ್ಪನ ಬೆಣೆಗಳು ಚಕ್ಕಡಿಯ ಬೆಣೆಗಳು. ಮುರಿಯುವ ಜಾತಿಯವಲ್ಲ.

ಆಮೇಲಿನ ಹದಿನಾರು ವರ್ಷ ನಾನು ಒಂದು ಬುಟ್ಟಿಯನ್ನು ನೋಡುತ್ತ ಕಳೆದೆ. ಯಾವ ಮನೆಯಲ್ಲಿ ಯಾರು ಹೋದರೂ ಕಾಶವ್ವ ನಸುಕಿನಲ್ಲೇ ರೊಟ್ಟಿ ತಟ್ಟಿ, ಬಿಳಿ ಬಟ್ಟೆ ಕಟ್ಟಿ, ಬುಟ್ಟಿ ತಂದು ಸಾಲಿನಲ್ಲಿ ಇಡುತ್ತಿದ್ದಳು. ಎಲ್ಲ ಬುಟ್ಟಿಗಳೂ ಖಾಲಿಯಾಗುತ್ತಿದ್ದವು. ಅವಳ ಬುಟ್ಟಿಯ ಗಂಟು ಹಾಗೇ ಇರುತ್ತಿತ್ತು. "ಅತ್ತಿಗಿ ಕೊಡದ ರೊಟ್ಟಿ" ಎಂದು ಯಾರೋ ಪಿಸುಗುಟ್ಟುವುದು ಕೇಳುತ್ತಿತ್ತು. ಸಂಜೆ ಮಣ್ಣು ಮುಗಿದ ಮೇಲೆ ಕಾಶವ್ವ ತುಂಬಿದ ಬುಟ್ಟಿಯನ್ನೇ ಎತ್ತಿಕೊಂಡು ಮನೆಗೆ ಹೋಗುತ್ತಿದ್ದಳು. ಮುಂದಿನ ಸಾವಿಗೆ ಮತ್ತೆ ತರುತ್ತಿದ್ದಳು. ಆ ಹಟಕ್ಕೆ ಏನೆನ್ನಬೇಕೋ ನನಗೆ ತಿಳಿಯದು. ನೆಗೆಣ್ಣಿಯರಿಬ್ಬರೂ ಮಾತು ಬಿಟ್ಟಿದ್ದರು. ಒಂದೇ ಪಡಸಾಲೆಯಲ್ಲಿ ಕೂತರೂ ಒಬ್ಬರ ಬೆನ್ನು ಒಬ್ಬರ ಕಡೆಗೆ.

ಹದಿನೇಳನೆಯ ವರ್ಷ ಫಕೀರವ್ವನ ಧ್ವನಿ ಒಡೆಯಿತು. ಮೊದಲು ಕೆಮ್ಮು ಎಂದಳು, ಆಮೇಲೆ ಡಾಕ್ಟರರು ಗಂಟಲಲ್ಲಿ ಗಂಟು ಎಂದರು. ಒಂದು ಬೆಳಿಗ್ಗೆ, ಬಿಸಿಲು ಚೆನ್ನಾಗಿ ಏರಿದ ಮೇಲೆ, ಅವಳು ಕುತ್ತಿಗೆಗೆ ಹಳೆಯ ಸೀರೆಯ ತುಂಡು ಸುತ್ತಿಕೊಂಡು ಮಠಕ್ಕೆ ಬಂದಳು.

"ಸೋಮನಿಂಗಣ್ಣ, ಕುರ್ಚಿ ತಗಸು."

ಸೋಮನಿಂಗಪ್ಪ ಗಾಬರಿಯಾದ. "ಯಾರ ಹ್ವಾದ್ರವಾ?"

"ಯಾರೂ ಹೋಗಿಲ್ಲ. ಹೋಗೂಕಿಂತ ಮೊದಲ ಒಂದ ಕೆಲಸೈತಿ. ಕಾಶಕ್ಕನ ಮನಿಗಿ ಒಯ್ಯಬೇಕು."

ಅವನು ಬೇಡವೆಂದ. ಅವಳು ಬಿಡಲಿಲ್ಲ. ಕೊನೆಗೆ ಅವನೂ ಇನ್ನೊಬ್ಬನೂ ನನ್ನನ್ನು ಎತ್ತಿದರು, ವಾಡಿಕೆಯಂತೆ ನನ್ನ ತೂಕವನ್ನು ಬಯ್ದರು, ಹೊರಟರು. ನಾನು ಓಣಿ ಹಿಡಿದದ್ದೇ ತಡ, ಊರಿಗೆ ಊರೇ ಎದ್ದಿತು. ಕುರ್ಚಿ ಕಾಶವ್ವನ ಮನೆ ಕಡೆ ತಿರುಗಿತು ಎಂದು ಕೂಗಾಯಿತು. "ಕಾಶವ್ವ ಹ್ವಾದ್ಳಂತ!" ಎಂದು ಹೆಂಗಸರು ಸೆರಗು ಸುತ್ತಿಕೊಂಡು ಓಡಿ ಬಂದರು. ದಾರಿಯಲ್ಲೇ ಇಬ್ಬರು ಅಳು ಶುರು ಮಾಡಿದ್ದರು. ಹದಿನಾರು ವರ್ಷ ಅವಳ ರೊಟ್ಟಿ ಮುಟ್ಟದವರು ಈಗ ಅವಳಂಥ ಒಳ್ಳೆಯ ಹೆಂಗಸಿಲ್ಲ ಎಂದು ಮೂಗು ಒರೆಸುತ್ತಿದ್ದರು.

ನನ್ನನ್ನು ಅಂಗಳದಲ್ಲಿ ಇಳಿಸುವುದಕ್ಕೂ ಕಾಶವ್ವ ಕೈತುಂಬ ಹಿಟ್ಟು ಮೆತ್ತಿಕೊಂಡು ಬಾಗಿಲಿಗೆ ಬರುವುದಕ್ಕೂ ಸರಿಹೋಯಿತು.

"ಯಾರ ಮನಿಗಿ ಒಯ್ಯಾಕತ್ತೀರಿ?" ಎಂದಳು.

"ನಿಮ್ಮ ಮನಿಗೇ ಬೇ," ಎಂದ ಸೋಮನಿಂಗಪ್ಪ, ಸತ್ತವಳೇ ಎದ್ದು ಬಂದಳೇನೋ ಎಂಬಂತೆ ಎರಡು ಹೆಜ್ಜೆ ಹಿಂದೆ ಸರಿದು.

ಅಳುತ್ತಿದ್ದವರು ಬಾಯಿ ಮುಚ್ಚಿದರು. ಫಕೀರವ್ವ ಮುಂದೆ ಬಂದಳು. ಹದಿನಾರು ವರ್ಷದ ಮೇಲಿನ ಮೊದಲ ಮಾತು ಅದು.

"ಯಕ್ಕಾ, ಕುಂದ್ರು."

"ಎದಕ್ಕ?"

"ನಿನಗ ಹಾಡ್ಯಾಡಿ ಅಳಬೇಕು."

"ನಾ ಇನ್ನೂ ಸತ್ತಿಲ್ಲಲ್ಲ."

"ಅದಕ್ಕ ಬಂದೀನಿ. ನೀ ಸಾಯೂತನಾ ನನ್ನ ಗಂಟಲ ಉಳಿಯೂದಿಲ್ಲ." ಅವಳು ಉಸಿರು ತೆಗೆದುಕೊಂಡಳು. "ತಿಂಗಳಾತು, ಒಂದ ತುತ್ತ ಒಳಗ ಇಳಿಯೂದಿಲ್ಲ. ಆದ್ರೂ ಬಂದವರ ಕೈ ಹಿಡದು ರೊಟ್ಟಿ ಕೊಡ್ರಿ, ರೊಟ್ಟಿ ಕೊಡ್ರಿ ಅಂತೀನಿ. ಕೊಟ್ರ ನುಂಗಾಕ ಬರೂದಿಲ್ಲ, ಕೊಡದಿದ್ರ ಸಿಟ್ಟ ಬರತೈತಿ. ಯಕ್ಕಾ, ಅತ್ತಿನೂ ಹಿಂಗ ಬೇಡಿದ್ಳೇನ?"

ಕಾಶವ್ವ ಕೈಯ ಹಿಟ್ಟು ತಿಕ್ಕಿ ತೆಗೆದಳು.

"ಹನ್ನೆರಡ ದಿನ ಬೇಡಿದ್ಳು," ಎಂದಳು. "ಮೊದಲ ದಿನ ಕೊಟ್ಟಿದ್ದೆ. ಗಂಟಲಾಗ ಸಿಕ್ಕೊಂಡು ಕಣ್ಣ ಮ್ಯಾಲ ಮಾಡಿದ್ಳು. ಮತ್ತ ಕೊಡಾಕ ನನಗ ಧೈರ್ಯ ಸಾಲಲಿಲ್ಲ. ಅಂಬಲಿ ಸೋಸಿ ಹಾಕತಿದ್ದೆ."

"ನನಗ ಯಾಕ ಹೇಳಲಿಲ್ಲ?"

"ನೀ ಹಾಡಿನಾಗ ಅಂದಿದ್ದಿ. ನಾ ಬಾಯಿ ಮಾತಿಲೆ ಹೇಳಿದ್ರ ಯಾರ ನಂಬತಿದ್ರು?"

ಫಕೀರವ್ವ ಹತ್ತಿರ ಬಂದಳು. ನನ್ನ ಬೆನ್ನು ಹಿಡಿದುಕೊಂಡು ನಿಂತಳು. ಆಮೇಲೆ ಹೇಳಿದಳು: "ಕುರ್ಚಿ ಮುಂದ ಅಂದದ್ದನ್ನ ಕುರ್ಚಿ ಮುಂದನ ಹಿಂದ ತಗೋಬೇಕು. ಬರೇ ಕುರ್ಚಿಗಿ ಅಳಾಕ ಬರೂದಿಲ್ಲ. ಅದಕ್ಕ ಕುಂದ್ರಂತೀನಿ."

"ಬ್ಯಾಡ ಬೇ ಕಾಶವ್ವ," ಎಂದು ಹೆಂಗಸರು ಕೂಗಿದರು. "ಅದರ ಮ್ಯಾಲ ಕುಂತವರು ಉಳದಿಲ್ಲ!"

ಕಾಶವ್ವ ಅವರ ಕಡೆ ತಿರುಗಿದಳು. ಅವಳ ಮುಖದಲ್ಲಿ ಸಿಟ್ಟನ್ನು ನಾನು ಕಂಡದ್ದು ಅದೊಂದೇ ಸಲ. "ಹದಿನಾರ ವರ್ಷ ನನ್ನನ್ನ ಉಳಿಸಿದ್ರೇನು ನೀವು?" ಎಂದವಳೇ ಬಂದು ನನ್ನ ಮೇಲೆ ಕೂತಳು.

ಬೆಚ್ಚಗಿದ್ದಳು. ಜೀವವಿರುವ ಮೈ ಬೆಚ್ಚಗಿರುತ್ತದೆ ಎಂಬುದನ್ನೇ ನಾನು ಮರೆತುಬಿಟ್ಟಿದ್ದೆ. ಅವಳು ಸತ್ತವರ ಹಾಗೆಯೇ ಬೆನ್ನು ನೆಟ್ಟಗೆ ಮಾಡಿ, ಕೈ ನನ್ನ ತೋಳುಗಳ ಮೇಲಿಟ್ಟು, ಕಣ್ಣು ಮುಚ್ಚಿದಳು. ಫಕೀರವ್ವ ಎದುರಿಗೆ ಕುಕ್ಕರುಗಾಲಲ್ಲಿ ಕೂತು ರಾಗ ಎತ್ತಿದಳು. ಧ್ವನಿ ಅರ್ಧ ಗಾಳಿ, ಅರ್ಧ ಕೆಮ್ಮು.

"ಸಾರಿಗಿ ಉಪ್ಪ ಮುಂದ ಮಾಡಾಕಿ ನನ್ನಕ್ಕಾ, ಒಮ್ಮೆರೆ ಅಳತಿ ತಿಳಿಲಿಲ್ಲಲ್ಲ..."

ಯಾರೋ ಕಿಸಕ್ಕನೆ ನಕ್ಕರು. ಕಾಶವ್ವ ಅಲುಗಲಿಲ್ಲ. ಫಕೀರವ್ವ ಮುಂದುವರಿಸಿದಳು, ಅಕ್ಕ ಮದುವೆಯಾಗಿ ಬಂದ ದಿನ, ತನ್ನ ಬಾಣಂತನ ಮಾಡಿದ್ದು, ನಡುಗೋಡೆಯ ಕಿಂಡಿಯಿಂದ ಕೆಂಡ ದಾಟಿಸುತ್ತಿದ್ದದ್ದು. ಆಮೇಲೆ ಆ ಮಾತಿಗೆ ಬಂದಳು.

"ಅರಿವಿ ಸೋಸಿ ಅಂಬಲಿ ಹಾಕಿದ್ಯಲ್ಲ ನನ್ನಕ್ಕಾ, ಹನಿ ಹನಿ ಹಾಕಿ ಜೀವ ಹಿಡದಿದ್ಯಲ್ಲ. ಹಸದ ಹ್ವಾದಳಂತ ಹಾಡಿದ್ನಲ್ಲ ನನ್ನಕ್ಕಾ, ಹಾಡಿದ ಬಾಯಾಗ ತುತ್ತ ಇಳಿಯವಲ್ದಲ್ಲ..."

ಕಾಶವ್ವನ ಎಡಗೈ ನನ್ನ ತೋಳನ್ನು ಗಟ್ಟಿಯಾಗಿ ಹಿಡಿಯಿತು, ಸರಿಯಾಗಿ ಆ ಅಂಬಲಿ ಇಳಿದಿದ್ದ ಬಿರುಕಿನ ಮೇಲೆ. ಅವಳ ಮೈಯೆಲ್ಲ ಅಲುಗಿತು. ನನ್ನ ಹಿಂಗಾಲು ಕಿರ್ರ್ ಎಂದಿತು.

"ಸಾಕ ಬಿಡ ತಂಗಿ," ಎಂದಳು ಕಣ್ಣು ತೆರೆದು. "ಗಂಟಲ ನೋಯತೈತಿ."

ಮಣ್ಣಿನ ಕುರ್ಚಿಯ ಮೇಲಿಂದ ಉತ್ತರ ಬಂದದ್ದು ಊರಿಗೆ ಅದೇ ಮೊದಲು. ಕಾಶವ್ವ ಎದ್ದು ಒಳಗೆ ಹೋಗಿ, ಆಗಷ್ಟೇ ತಟ್ಟಿದ ರೊಟ್ಟಿಯ ನಡುವಿನ ಮೆತ್ತನೆಯ ಭಾಗವನ್ನು ಹಾಲಿನಲ್ಲಿ ನೆನೆಸಿ, ಕಿವುಚಿ, ಅರಿವೆಯಲ್ಲಿ ಸೋಸಿ ತಂದಳು. ಫಕೀರವ್ವನ ತಲೆ ಹಿಡಿದು ಹನಿ ಹನಿಯಾಗಿ ಹಾಕಿದಳು. ಹಾಕುವ ಆ ಕೈ ನೋಡಿದವರಿಗೆ ಇನ್ನು ಸಾಕ್ಷಿ ಬೇಕಿರಲಿಲ್ಲ. ಜನರ ನಡುವಿನಿಂದ ಮಾಸ್ತರರ ಹೆಂಡತಿ ಗೌರವ್ವ, ಈಗ ಕೋಲು ಊರಿ ನಡೆಯುವ ಮುದುಕಿ, ನನ್ನನ್ನು ಹೊರಹಾಕಿದ ಅದೇ ಗೌರವ್ವ, ಮುಂದೆ ಬಂದಳು.

"ನನಗೂ ಒಂದ ರೊಟ್ಟಿ ಕೊಡವಾ ಕಾಶವ್ವ," ಎಂದಳು. "ಹಸವಾಗೇತಿ."

ಆ ಒಂದು ಮಾತಿಗೆ ನಾನು ಅವಳ ಹಳೆಯ ತಪ್ಪನ್ನೆಲ್ಲ ಮನ್ನಿಸಿಬಿಟ್ಟೆ.

ಎರಡು ತಿಂಗಳಿಗೆ ಫಕೀರವ್ವ ನನ್ನ ಮೇಲೆ ಬಂದು ಕೂತಳು, ಎಲ್ಲ ಸತ್ತವರ ಹಾಗೆ ಮಿಸುಕದೆ. ಹಾಡ್ಯಾಡಿ ಅಳಲು ಊರಲ್ಲಿ ಇನ್ನು ಯಾರೂ ಇರಲಿಲ್ಲ. ಎಲ್ಲರೂ ಕಾಶವ್ವನ ಮುಖ ನೋಡಿದರು. ಅವಳಿಗೆ ರಾಗ ಬರುವುದಿಲ್ಲ. ಎದುರಿಗೆ ಕೂತು, ನೆಗೆಣ್ಣಿಯ ಪಾದ ಹಿಡಿದು, ಬರೀ ಮಾತಿನಲ್ಲೇ ಕೇಳಿದಳು: "ಇನ್ನ ಯಾರ ಜೋಡಿ ಮಾತ ಬಿಡ್ಲಿ ನಾನು?" ಅಷ್ಟೇ. ಸೋಮನಿಂಗಪ್ಪ ಹಾರ್ಮೋನಿಯಂ ಮುಚ್ಚಿ ಅತ್ತ. ಆ ಮಧ್ಯಾಹ್ನ ಸಾಲಿನಲ್ಲಿ ಮೊದಲು ಗಂಟು ಬಿಚ್ಚಿದ್ದು ಕಾಶವ್ವನ ಬುಟ್ಟಿ, ಮೊದಲು ಖಾಲಿಯಾದದ್ದೂ ಅದೇ.

ಈಗ ಮಠದವರು ಪಟ್ಟಣದಿಂದ ಹೊಳೆಯುವ ಸ್ಟೀಲಿನ ಕುರ್ಚಿ ತರಿಸಿದ್ದಾರೆ. ಹಗುರ, ಒಬ್ಬನೇ ಒಯ್ಯಬಹುದಂತೆ. ನನ್ನನ್ನು ಒಡೆದು ದಾಸೋಹದ ಒಲೆಗೆ ಹಾಕುವ ಮಾತು ಬಂದಾಗ ಕಾಶವ್ವ ಕೇಳಿ ತರಿಸಿಕೊಂಡಳು. ಅವಳ ಪಡಸಾಲೆಯಲ್ಲಿ, ನಡುಗೋಡೆಯ ಪಕ್ಕ ಇದ್ದೇನೆ. ನನ್ನ ಮೇಲೆ ಕೂತವರು ಉಳಿಯುವುದಿಲ್ಲ ಎಂದವರಲ್ಲಿ ಅರ್ಧ ಜನ ಹೋದರು. ಅವಳು ದಿನಾ ಕೂರುತ್ತಾಳೆ. ಮೊರದ ತುಂಬ ಜೋಳ ಹಾಕಿಕೊಂಡು ಹಸನು ಮಾಡುತ್ತಾಳೆ, ಒಮ್ಮೆ ಎಡಕ್ಕೆ ಒಮ್ಮೆ ಬಲಕ್ಕೆ ಹೊರಳುತ್ತಾಳೆ, ಮೊಣಕಾಲು ನೋವೆಂದು ಕಾಲು ಚಾಚುತ್ತಾಳೆ, ಮಡಿಸುತ್ತಾಳೆ. ನನಗೆ ದಿನವಿಡೀ ಮಾತೇ ಮಾತು.

ಎಂಬತ್ತು ದಾಟಿದೆ ಅವಳಿಗೆ. ಕೆಲವು ಮಧ್ಯಾಹ್ನ ಕೂತಲ್ಲೇ ಕಣ್ಣು ಮುಚ್ಚುತ್ತಾಳೆ. ಕೈ ನನ್ನ ತೋಳಿನ ಮೇಲೆ ಸುಮ್ಮನೆ ಬಿದ್ದಿರುತ್ತದೆ. ಅಂಥ ಮೌನ ನನಗೆ ಚೆನ್ನಾಗಿ ಗೊತ್ತು, ನಲವತ್ತು ವರ್ಷ ಅದನ್ನೇ ಹೊತ್ತಿದ್ದೇನೆ. ಆಗ ನನಗೆ ಭಯವಾಗುತ್ತದೆ. ಇದ್ದ ಬಲವನ್ನೆಲ್ಲ ಆ ಹಿಂಗಾಲಿಗೆ ತಂದು ಒಮ್ಮೆ ಕಿರ್ರ್ ಎನ್ನುತ್ತೇನೆ.

ಕಾಶವ್ವ ಕಣ್ಣು ತೆರೆಯದೆ ಸ್ವಲ್ಪ ಹೊರಳುತ್ತಾಳೆ.

"ಅದೀನಿ ಬಿಡಪಾ," ಎನ್ನುತ್ತಾಳೆ. "ಇನ್ನೂ ಅದೀನಿ."